ವಕೀಲರಲ್ಲಿ ಕೇಳಿ: ಟ್ರಾನ್ಸ್‌ಜೆಂಡರ್ ಅಂದ್ರೂ ಗೇ ಅಂದ್ರೂ ಒಂದೆಯಾ?

ಪ್ರಶ್ನೆ (ಹೆಸರು ಬೇಡ, ಬದಿಯಡ್ಕ): ನಮಸ್ಕಾರ ಸರ್. ಅಕ್ಕನ ಮಗ ಎರ್ನಾಕುಳಂನಲ್ಲಿ ಕೆಲಸಕ್ಕಿದ್ದಾನೆ. ಓಣಂ ರಜೆಗೆ ಬಂದವನು "ನಾನು ಹುಡುಗ ಅಲ್ಲ, ಹುಡುಗಿ" ಅಂದ. ಅಲ್ಲಿ ಮಳೆಬಿಲ್ಲಿನ ಬಾವುಟದ ಮೆರವಣಿಗೆಗೂ ಹೋಗ್ತಾನಂತೆ. "ಗೇ ಅಂತ ನೇರ ಹೇಳು" ಅಂತ ಭಾವ ರೇಗಿದ್ರು. ಅದಲ್ಲ ಅಂತಾನೆ. ಅಲ್ಲದಿದ್ರೆ ಅವರ ಮೆರವಣಿಗೆಯಲ್ಲಿ ಇವನಿಗೇನು ಕೆಲಸ?

ಉತ್ತರ (ವಕೀಲರು, ಕಾಸರಗೋಡು): ಮಗು ಹೇಳಿದ್ದು ಸರಿ, ಅಕ್ಕ. ತಾನು ಗಂಡೋ ಹೆಣ್ಣೋ ಅನ್ನುವುದು ಒಂದು, ಮನಸ್ಸು ಯಾರ ಮೇಲೆ ಹೋಗ್ತದೆ ಅನ್ನುವುದು ಇನ್ನೊಂದು. ಟ್ರಾನ್ಸ್ ಹೆಣ್ಣಿಗೆ ಗಂಡೂ ಇಷ್ಟವಾಗಬಹುದು, ಹೆಣ್ಣೂ ಇಷ್ಟವಾಗಬಹುದು. ಅದನ್ನು ಈಗಲೇ ಕೆದಕಬೇಡಿ.

ಒಂದೇ ಮೆರವಣಿಗೆ ಯಾಕೆಂದರೆ, ಪೊಲೀಸರ ಲಾಠಿಗೆ ಈ ವ್ಯತ್ಯಾಸ ಗೊತ್ತಿರಲಿಲ್ಲ. "ಪ್ರಕೃತಿಗೆ ವಿರುದ್ಧ" ಅಂತ ಸಲಿಂಗ ಸಂಬಂಧವನ್ನು ಅಪರಾಧ ಮಾಡಿದ್ದ 1860ರ ದಂಡಸಂಹಿತೆಯ 377ನೇ ಕಲಮು ಇಬ್ಬರ ತಲೆಯ ಮೇಲೂ ತೂಗುತ್ತಿತ್ತು. ಉತ್ತರ ಭಾರತದ ಹಿಜ್ರಾಗಳಿಗೆ ಹೆಸರು ದಾಖಲಿಸಿ ನಿಗಾ ಇಡುವ 1871ರ ಕ್ರಿಮಿನಲ್ ಟ್ರೈಬ್ಸ್ ಕಾಯ್ದೆಯ ಕಾಟ ಬೇರೆ.

ಕೋರ್ಟಿನಲ್ಲಿ ಮಾತ್ರ ದಾರಿ ಕವಲಾಯಿತು. 2013ರ ಡಿಸೆಂಬರಿನಲ್ಲಿ ಸುಪ್ರೀಂ ಕೋರ್ಟು 377ನ್ನು ಎತ್ತಿಹಿಡಿಯಿತು. ನಾಲ್ಕೇ ತಿಂಗಳು ಕಳೆದು, 2014ರ ಏಪ್ರಿಲ್ 15ಕ್ಕೆ, ನಾಲ್ಸಾ (ರಾಷ್ಟ್ರೀಯ ಕಾನೂನು ಸೇವಾ ಪ್ರಾಧಿಕಾರ) ಹೂಡಿದ್ದ ಪ್ರಕರಣದ ತೀರ್ಪಿನಲ್ಲಿ ಟ್ರಾನ್ಸ್‌ಜೆಂಡರ್ ಜನರ ಗುರುತನ್ನು ಮಾನ್ಯ ಮಾಡಿತು. ಗುರುತು ಹಕ್ಕು, ಪ್ರೀತಿ ಅಪರಾಧ! 2018ರ ಸೆಪ್ಟೆಂಬರಿನಲ್ಲಿ, ಒಪ್ಪಿಗೆಯಿದ್ದ ವಯಸ್ಕರ ಸಂಬಂಧ ಅಪರಾಧವಲ್ಲ ಅಂತ ಅದೇ ಕೋರ್ಟು ಹೇಳುವ ತನಕ ಇದೇ ಅವಸ್ಥೆ. 2023ರಲ್ಲಿ ಸಲಿಂಗ ಜೋಡಿಗೆ ಮದುವೆಯ ಹಕ್ಕು ಸಿಗಲಿಲ್ಲ. ಗಂಡು-ಹೆಣ್ಣಾಗಿ ಬಾಳುವ ಟ್ರಾನ್ಸ್ ಜೋಡಿಗೆ ಈಗಿನ ಕಾನೂನಿನಲ್ಲೇ ಉಂಟು ಅಂತ ಅದೇ ತೀರ್ಪು ಹೇಳಿತು.

ಒಂದೇ ಮನೆಯವರಾದರೂ ಜಗಳ ಇಲ್ಲದಿಲ್ಲ. 1973ರಲ್ಲಿ ನ್ಯೂಯಾರ್ಕಿನಲ್ಲಿ ಇಂಥದ್ದೇ ಮೆರವಣಿಗೆಯ ಸಭೆಯಲ್ಲಿ ಟ್ರಾನ್ಸ್ ಹೋರಾಟಗಾರ್ತಿ ಸಿಲ್ವಿಯಾ ರಿವೇರಾ ಮಾತಿಗೆ ನಿಂತಾಗ ಕೂಗಿ ಅಡ್ಡಿಮಾಡಿದ್ದು ಹೊರಗಿನವರಲ್ಲ, ಆ ಸಭೆಗೆ ಬಂದಿದ್ದವರೇ. ನನ್ನ ಕಕ್ಷಿದಾರರೊಬ್ಬರು ಒಮ್ಮೆ ಹೇಳಿದ್ದರು: "ಗೇ ಹುಡುಗ ಬಾಯಿ ಬಿಡದೆ ಆಫೀಸಿನಲ್ಲಿ ದಿನ ದೂಡಬಹುದು. ನನ್ನ ಸೀರೆ ಬಸ್ಸಿಗೆ ಹತ್ತುವಾಗಲೇ ಕಾಣ್ತದಲ್ಲ?"

ಪ್ರತಿಕ್ರಿಯೆ (ಕುಂಬಳೆ): ಹಾಗಾದ್ರೆ ನಮ್ಮ ಯಕ್ಷಗಾನ ಮೇಳದ ಸ್ತ್ರೀವೇಷದವರೂ ಇದೇ ಪಂಗಡವಾ?

ವಕೀಲರು: ಅಲ್ಲ ಮಾರಾಯ್ರೆ. ಅವರದ್ದು ಕಲೆ, ಚೌಕಿಯಲ್ಲಿ ಬಣ್ಣ ತೆಗೆದರೆ ಮುಗಿಯಿತು. ಈ ಮಗುವಿಗೆ ಇಷ್ಟು ವರ್ಷ ಹಾಕಿದ ಪ್ಯಾಂಟೇ ವೇಷ.

ಬದಿಯಡ್ಕ: ಈಗ ಏನಂತ ಕರೆಯುವುದು ಸರ್? ಮಂಗಳಮುಖಿ ಅನ್ನಬಹುದಾ?

ವಕೀಲರು: ಆ ಶಬ್ದ ಕೆಲವರಿಗೆ ಹಿಡಿಸ್ತದೆ, ಕೆಲವರಿಗೆ ಆಗುವುದಿಲ್ಲ. ಅವಳು ತನಗೊಂದು ಹೆಸರು ಇಟ್ಟುಕೊಂಡಿರಬಹುದು. ಫೋನ್ ಮಾಡಿ ಅದನ್ನು ಕೇಳಿ, ಭಾವನಿಗೂ ಹೇಳಿ.