ಜೆಕ್ ಸಿನಿಮಾದ ‘ರುಖಿ’ಗೆ ‘ಸಪ್ಪಳ’ ಎನ್ನಬಹುದೇ?

ಬಳಗಕ್ಕೆ ನಮಸ್ಕಾರ.

ಜೆಕ್ ಚಿತ್ರಗಳ ಸಂಗೀತದ ಬಗ್ಗೆ ಲೇಖನವೊಂದನ್ನು ಬರೆಯುತ್ತಿದ್ದೇನೆ. ಎರಡನೆಯ ಪುಟದಲ್ಲೇ ಒಂದು ಪದ ಕೈಕಟ್ಟಿ ಕೂರಿಸಿದೆ.

ಜೆಕ್ ಭಾಷೆಯಲ್ಲಿ ಕಿವಿಗೆ ಬೀಳುವುದೆಲ್ಲ ‘ಜ್ವುಕ್’. ಕಿವಿಗೆ ಹಿಂಸೆಯಾದರೆ ‘ಹ್ಲುಕ್’. ಎಲೆಗಳ ಮರ್ಮರ, ಹಳೆಯ ಟೇಪಿನ ಸುಯ್ಯೆನ್ನುವ ದನಿ ‘ಶುಮ್’. ಇವುಗಳಿಗೆ ಕನ್ನಡ ಹೊಂದಿಸಬಹುದು. ತೊಡಕಿರುವುದು ‘ರುಖಿ’ಯಲ್ಲಿ. ‘ರುಖ್’ ಎಂದರೆ ಬೀದಿಯ ಓಡಾಟ, ಗಜಿಬಿಜಿ. ಅದರ ಬಹುವಚನವಾದ ‘ರುಖಿ’ ಸಿನಿಮಾದವರ ಬಾಯಲ್ಲಿ ಹೆಜ್ಜೆ, ಬಾಗಿಲು, ಬಟ್ಟೆ, ಪಾತ್ರೆಗಳ ಸದ್ದು. ಚಿತ್ರೀಕರಣ ಮುಗಿದ ಮೇಲೆ ಸ್ಟುಡಿಯೊದಲ್ಲಿ ಮಾಡಿ ಸೇರಿಸುವಂಥದ್ದು. ನಮ್ಮ ಚಿತ್ರರಂಗ ‘ಫೋಲಿ’ ಎಂದು ಮುಂದೆ ಸಾಗುತ್ತದೆ. ಈ ಲೇಖನದಲ್ಲಿ ನನಗೆ ಅಷ್ಟು ಸಾಲದು.

ಏಕೆಂದರೆ ಜೆಕ್ ನಿರ್ದೇಶಕ ಯಾನ್ ಷ್ವಾಂಕ್‌ಮಾಯೆರ್ ಅವರ ಚಿತ್ರಗಳಲ್ಲಿ ರುಖಿಯೇ ಸಂಗೀತ. ಸ್ವಿಟ್ಜರ್ಲೆಂಡಿನ ನಿರ್ಮಾಪಕರ ನೆರವಿನಿಂದ 1988ರಲ್ಲಿ ಅವರು ಮಾಡಿದ, ‘ಆಲಿಸ್ ಇನ್ ವಂಡರ್‌ಲ್ಯಾಂಡ್’ ಕಥೆಯ ಆಲಿಸಳ ಚಿತ್ರವನ್ನು ಕಣ್ಣುಮುಚ್ಚಿ ಕೇಳಿ ನೋಡಿ. ಮರದ ಹೊಟ್ಟು ತುಂಬಿದ ಮೊಲ ತನ್ನನ್ನು ಹಲಗೆಗೆ ಬಿಗಿದಿದ್ದ ಮೊಳೆಗಳನ್ನು ಕಿತ್ತುಕೊಳ್ಳುತ್ತದೆ, ಎದೆಯೊಳಗಿಂದ ಗಡಿಯಾರ ತೆಗೆದು ಹೊಟ್ಟನ್ನು ನೆಕ್ಕುತ್ತದೆ. ಪಿಟೀಲಿನ ಒಂದು ಎಳೆಯೂ ಅಲ್ಲಿ ಬೇಕೆನಿಸುವುದಿಲ್ಲ. ಅವರ ಹಿಂದಿನ ಕಿರುಚಿತ್ರಗಳಿಗೆ ಸಂಗೀತ ಕೊಟ್ಟ ಜ್ದೆನ್ಯೆಕ್ ಲಿಷ್ಕಾ (1922–1983) ಇನ್ನೊಂದು ದಾರಿಯಿಂದ ಇದೇ ಗಡಿಗೆ ಬಂದವರು. 1963ರ ‘ಇಕಾರಿಯೆ ಎಕ್ಸ್‌ಬಿ 1’ ಎಂಬ ಬಾಹ್ಯಾಕಾಶ ಚಿತ್ರದಲ್ಲಿ ಅವರ ಎಲೆಕ್ಟ್ರಾನಿಕ್ ಸ್ವರಗಳು ಎಲ್ಲಿ ಮುಗಿದು ನೌಕೆಯ ಯಂತ್ರಗಳು ಎಲ್ಲಿ ಮೊದಲಾಗುತ್ತವೆ ಎಂದು ನನ್ನ ಕಿವಿಗೆ ತಿಳಿಯುವುದಿಲ್ಲ. ಇದನ್ನು ‘ಹಿನ್ನೆಲೆ ಸಂಗೀತ’ ಎಂದರೆ ಅನ್ಯಾಯ. ಹಿಂದೆ ನಿಂತದ್ದು ಏನೂ ಇಲ್ಲ.

‘ಶಬ್ದ’ ಎಂದು ಬರೆದೆ, ‘ಶಬ್ದಮಣಿದರ್ಪಣ’ದ ವ್ಯಾಕರಣಕಾರ ಕೇಶಿರಾಜ ಕಣ್ಣೆದುರು ಬಂದ. ‘ಧ್ವನಿ’ ಅತ್ತ ಗಂಟಲಿಗೂ ಇತ್ತ ಕಾವ್ಯಮೀಮಾಂಸೆಗೂ ಎಳೆಯುತ್ತದೆ. ‘ಸದ್ದು’ ಜ್ವುಕ್‌ಗೆ ಖರ್ಚಾಗಿದೆ. ಉಳಿದದ್ದು ‘ಸಪ್ಪಳ’. ಹೆಜ್ಜೆ ಸಪ್ಪಳ, ಬಳೆ ಸಪ್ಪಳ, ಗೆಜ್ಜೆ ಸಪ್ಪಳ: ಸಪ್ಪಳವೆಂದೊಡನೆ ‘ಯಾರದು?’ ಎಂದು ಮನಸ್ಸು ಕೇಳುತ್ತದೆ. ಕಾಣದಿದ್ದರೂ ಯಾರೋ, ಏನೋ ಅಲುಗಿದೆ. ರುಖಿಯ ಜೀವವೂ ಅದೇ. ಇದನ್ನು ಮಾಡುವವರಿಗೆ ಜೆಕ್‌ನಲ್ಲಿ ‘ರುಖಾರ್ಶ್’ ಎನ್ನುತ್ತಾರೆ. ಮದ್ದಳೆಗಾರನಂತೆ ನಮಗೊಬ್ಬ ‘ಸಪ್ಪಳಗಾರ’ ಸಿಕ್ಕರೆ ನನಗೆ ಬಹಳ ಸಂತೋಷ.

ಅಳುಕೂ ಇದೆ. ಧಾರವಾಡದ ಕಡೆ ‘ಸಪ್ಪಳ ಮಾಡಬೇಡ’ ಎಂದರೆ ಎಲ್ಲ ಬಗೆಯ ಸದ್ದೂ ಸೇರುತ್ತದೆ. ಅಲ್ಲಿಯವರಿಗೆ ನನ್ನ ಈ ಬಳಕೆ ಇಕ್ಕಟ್ಟೆನಿಸುತ್ತದೆಯೇ? ಗಾಳಿ, ಮಳೆ, ಗುಡುಗಿಗೂ ನೀವು ಸಪ್ಪಳ ಎನ್ನುತ್ತೀರಾ?

ಜೊತೆಗೆ ಇನ್ನೊಂದು. ಇಂಥ ಸಂಗೀತವನ್ನು ಪತ್ರಿಕೆಗಳು ‘ಪ್ರಾಯೋಗಿಕ’ ಎನ್ನುತ್ತವೆ. ನನಗೆ ಅದು ರಸಾಯನಶಾಸ್ತ್ರದ ಪ್ರಾಯೋಗಿಕ ಪರೀಕ್ಷೆಯನ್ನೇ ನೆನಪಿಸುತ್ತದೆ. ‘ಪ್ರಯೋಗಶೀಲ’ ಎಂದು ಬರೆಯುತ್ತಿದ್ದೇನೆ. ಇದಕ್ಕಿಂತ ಹಗುರವಾದ ಪದ ನಿಮ್ಮ ಬಳಕೆಯಲ್ಲಿದ್ದರೆ ದಯವಿಟ್ಟು ತಿಳಿಸಿ.