ಹೆಂಡತಿ ತವರಿಗೆ ಹೋಗಿ ಮೂರು ವರ್ಷ: ‘ಬಿಟ್ಟು ಹೋದಳು’ ಅಂತ ಕೋರ್ಟಿನಲ್ಲಿ ತೋರಿಸೋದು ಹೇಗೆ?

ಕೇಳಿದವರು: ತಮ್ಮನ ಪರವಾಗಿ ಕೇಳ್ತಿದ್ದೇನೆ. ಅವನ ಹೆಂಡತಿ ಬಾಣಂತನಕ್ಕೆ ಅಂತ ತವರಿಗೆ ಹೋದವಳು ಮೂರು ವರ್ಷವಾದರೂ ಬಂದಿಲ್ಲ. ಪೊಲೀಸ್ ಕೇಸು ಏನೂ ಇಲ್ಲ. ‘ಎರಡು ವರ್ಷ ಬೇರೆ ಇದ್ದರೆ ಡೈವೋರ್ಸ್ ತಾನಾಗಿಯೇ ಸಿಗುತ್ತೆ’ ಅಂತಾರೆ ನೆಂಟರು. ಕೋರ್ಟ್ ಮೆಟ್ಟಿಲು ಹತ್ತಿದವರು ಹೇಳಿ, ಏನೇನು ತೋರಿಸಬೇಕಾಯಿತು?

ದಾವಣಗೆರೆಯಿಂದ: ‘ತಾನಾಗಿಯೇ’ ಅನ್ನೋದನ್ನ ಮೊದಲು ಮರೆತುಬಿಡಿ. ನಾನೂ ಅದನ್ನೇ ನಂಬಿ 22 ತಿಂಗಳಿಗೇ ಅರ್ಜಿ ಹಾಕಿಸಿದ್ದೆ, ವಾಪಸ್ ತಗೊಳ್ಳಬೇಕಾಯಿತು. ಅರ್ಜಿ ಹಾಕುವ ದಿನಕ್ಕೆ ಸತತ ಎರಡು ವರ್ಷ ತುಂಬಿರಲೇಬೇಕು. ಎರಡನೇ ಸಲ ಪಾಟೀಸವಾಲಿನಲ್ಲಿ ಎದುರು ವಕೀಲರು ಕೇಳಿದ್ದು ಒಂದೇ ವಿಷಯ: ‘ಕರೆಯೋಕೆ ಯಾವತ್ತು ಹೋದಿರಿ? ಜೊತೆಗೆ ಯಾರಿದ್ದರು? ಮಗುವಿಗೆ ಏನು ಕಳಿಸಿದಿರಿ?’ ಆರು ಸಲ ಹೋಗಿದ್ದೆ, ಒಂದಕ್ಕೂ ತಾರೀಕು ನೆನಪಿಲ್ಲ! ಬೆವರಿಳಿದು ಹೋಯಿತು. ಕೊನೆಗೆ ಕೈಹಿಡಿದದ್ದು ‘ತೆಗೆದುಕೊಳ್ಳಲು ನಿರಾಕರಿಸಿದ್ದಾರೆ’ ಅಂತ ಬರೆದು ಅಂಚೆಯವರು ವಾಪಸ್ ಕೊಟ್ಟ ರಿಜಿಸ್ಟರ್ ಲಕೋಟೆ, ಪ್ರತಿ ತಿಂಗಳು ದುಡ್ಡು ಹಾಕಿದ ಬ್ಯಾಂಕ್ ಪಾಸ್‌ಬುಕ್, ಜೊತೆಗೆ ಪಂಚಾಯಿತಿ ಮಾತಿಗೆ ಬಂದಿದ್ದ ನಮ್ಮ ದೊಡ್ಡಪ್ಪನ ಸಾಕ್ಷಿ. ಆ ಲಕೋಟೆ ಇನ್ನೂ ಒಡೆಯದೆ ಹಾಗೇ ಇದೆ.

ಹುಬ್ಬಳ್ಳಿಯಿಂದ: ನಾನು ಆ ಕಡೆಯಾಕಿ ನೋಡ್ರಿ. ಮನಿ ಬಿಟ್ಟಾಕಿ ನಾನ, ಬಿಡಿಸಿದವರು ಅವರು. ತವರಿಂದ ರೊಕ್ಕ ತಾ ಅಂತ ದಿನಾ ಕಾಡಿದರ ಯಾರು ಇರತಾರ? ನಾ ಬಿಟ್ಟು ಹೋದೆ ಅಂತ ಅವರ ಅರ್ಜಿ ಹಾಕಿದ್ರು. ಹೊಸಿಲು ದಾಟಿದವರು ಯಾರು ಅಂತಲ್ಲ, ದಾಟೂ ಹಂಗ ಮಾಡಿದವರು ಯಾರು ಅಂತ ಕೋರ್ಟು ನೋಡತದ. ಅವರ ಅರ್ಜಿ ವಜಾ ಆತು. ಕೇಸ್ ನಡೆಯೂ ಮುಂದ 24ನೇ ಕಲಂನಾಗ ಮಧ್ಯಂತರ ಜೀವನಾಂಶಾನೂ ಕೊಟ್ರು. ನಿಮ್ಮ ತಮ್ಮನವರು ‘ಯಾಕ ಬರವಲ್ಲಿ’ ಅಂತ ಒಮ್ಮೆರ ಆಕಿನ್ನ ಕೇಳ್ಯಾರೇನ್ರಿ?

ಮೈಸೂರಿನಿಂದ, ವಕೀಲಿ ವೃತ್ತಿಯವನು: ಹುಬ್ಬಳ್ಳಿಯ ಅಕ್ಕ ಕೇಳಿದ ಪ್ರಶ್ನೆಯನ್ನೇ ನ್ಯಾಯಾಧೀಶರೂ ಕೇಳುತ್ತಾರೆ. ಬಿಟ್ಟು ಹೋದ ಕಾರಣಕ್ಕೆ ವಿಚ್ಛೇದನ ಕೊಡುವ ಹಿಂದೂ ವಿವಾಹ ಕಾಯ್ದೆಯ 13(1)(ಐಬಿ) ಕಲಂಗೆ ಬೇರೆ ಇದ್ದರಷ್ಟೇ ಸಾಲದು. ಸಂಸಾರ ಮುಗಿಸುವ ಮನಸ್ಸಿತ್ತು, ಅದಕ್ಕೆ ನ್ಯಾಯವಾದ ಕಾರಣವಿರಲಿಲ್ಲ, ನಿಮ್ಮ ಒಪ್ಪಿಗೆಯೂ ಇರಲಿಲ್ಲ, ಇಷ್ಟನ್ನೂ ಅರ್ಜಿದಾರನೇ ತೋರಿಸಬೇಕು. ಬಾಣಂತನಕ್ಕೆ ಕಳಿಸಿದ್ದು ನೀವೇ, ಅರಿಶಿನ ಕುಂಕುಮ ಕೊಟ್ಟು. ಹಾಗಾಗಿ ಎರಡು ವರ್ಷ ಆ ದಿನದಿಂದ ಶುರುವಾಗಲ್ಲ. ‘ಇನ್ನು ಬರಲ್ಲ’ ಅನ್ನೋದು ಯಾವಾಗ ಸ್ಪಷ್ಟವಾಯಿತು ಅನ್ನೋದಕ್ಕೆ ಪುರಾವೆ ಬೇಕು.

ಬಿಪಿನ್‌ಚಂದ್ರ ಶಾ ಪ್ರಕರಣ ನಮ್ಮವರೆಲ್ಲ ಉದಾಹರಿಸುವುದು. 1956ರಲ್ಲಿ ಸುಪ್ರೀಂ ಕೋರ್ಟ್ ತೀರ್ಪು ಕೊಟ್ಟಿತು. ಹೆಂಡತಿ ಬಿಟ್ಟು ಹೋದಳು ಅನ್ನೋದು ಗಂಡನ ದಾವೆ. ಆದರೆ ಅವಳನ್ನು ಕಳಿಸಬೇಡಿ ಅಂತ ಮಾವನಿಗೆ ತಂತಿ ಹೊಡೆದವನು ಅವನೇ. ಸೋತ. ಈಗ ತಂತಿಯ ಜಾಗಕ್ಕೆ ವಾಟ್ಸಾಪ್ ಬಂದಿದೆ, ಅಷ್ಟೇ ವ್ಯತ್ಯಾಸ. ಮೆಸೇಜುಗಳನ್ನು ಹಾಜರುಪಡಿಸುವಾಗ ಭಾರತೀಯ ಸಾಕ್ಷ್ಯ ಅಧಿನಿಯಮದ 63ನೇ ಕಲಂ ಪ್ರಮಾಣಪತ್ರ, ಅಂದರೆ ಎಲೆಕ್ಟ್ರಾನಿಕ್ ದಾಖಲೆಯನ್ನು ದೃಢೀಕರಿಸುವ ಪತ್ರ, ಜೊತೆಗಿರಲಿ. ಕೌಟುಂಬಿಕ ನ್ಯಾಯಾಲಯ ಸಾಕ್ಷ್ಯದಲ್ಲಿ ಸ್ವಲ್ಪ ಸಡಿಲ ಅಂತ ನೆಚ್ಚಿಕೊಂಡು ಕೂರಬೇಡಿ.

ಇನ್ನೊಂದು. ‘ಮೊದಲು 9ನೇ ಕಲಂ ಹಾಕಿ, ಸಂಸಾರಕ್ಕೆ ಕರೆದ ಹಾಗಿರುತ್ತೆ’ ಅಂತ ಸಲಹೆ ಕೊಡುವವರು ಸಿಗುತ್ತಾರೆ. ಅದು ಸಂಗಾತಿ ಮತ್ತೆ ಜೊತೆಗೆ ಬಂದು ಬಾಳಲಿ ಅಂತ ಕೋರ್ಟನ್ನು ಕೇಳುವ ಅರ್ಜಿ. ನಿಜವಾಗಿ ಬೇಕಿದ್ದರೆ ಮಾತ್ರ ಹಾಕಿ. ನಾಳೆ ಅವರು ‘ಬರ್ತೀನಿ’ ಅಂದರೆ ಬಾಗಿಲು ತೆಗೀಬೇಕಾಗುತ್ತೆ. ಇಬ್ಬರಿಗೂ ಸಾಕಾಗಿದ್ದರೆ 13ಬಿ, ಪರಸ್ಪರ ಒಪ್ಪಿಗೆಯದೇ ಸಲೀಸು. ಅಲ್ಲಿನ ಆರು ತಿಂಗಳ ಕಾಯುವಿಕೆಯನ್ನು ಸೂಕ್ತ ಸಂದರ್ಭದಲ್ಲಿ ಮನ್ನಾ ಮಾಡಬಹುದು ಅಂತ 2017ರಲ್ಲೇ ಸುಪ್ರೀಂ ಕೋರ್ಟ್ ಹೇಳಿದೆ.

ಕೇಳಿದವರು: ಇದನ್ನೆಲ್ಲ ಓದಿ ತಮ್ಮನ ಫೋನ್ ತಗೊಂಡು ನೋಡಿದೆ. ಹೋದ ವರ್ಷ ಸಿಟ್ಟಿನಲ್ಲಿ ‘ನೀನು ಅಲ್ಲೇ ಇರು, ಇಲ್ಲಿಗೆ ಬರೋದೇ ಬೇಡ’ ಅಂತ ಹಾಕಿದ್ದಾನೆ. ಡಿಲೀಟ್ ಮಾಡಿಸಲಾ?

ಮೈಸೂರಿನಿಂದ: ಬೇಡ ಸರ್. ಅದು ಅವರ ಫೋನಿನಲ್ಲೂ ಇದೆ. ಮೊದಲ ದಿನವೇ ನಿಮ್ಮ ವಕೀಲರಿಗೆ ತೋರಿಸಿ.