ಪಾದೆಯಲ್ಲಿ ಕೆಂಪುಕಲ್ಲು ಕೋರೆ ಬರುತ್ತಿದೆ, ದೊಡ್ಡಮ್ಮ ಹೆಬ್ಬೆಟ್ಟು ಒತ್ತಿಬಿಟ್ಟಿದ್ದಾರೆ

ಪಾದೆಮನೆ:
ನಮ್ಮದು ಕಾರ್ಕಳ ಕಡೆಯ ಕೊರಗರ ಕಾಲನಿ, ಹದಿನಾಲ್ಕು ಮನೆ. ಹಿಂದಿನ ಪಾದೆಯಲ್ಲಿ, ಅಂದರೆ ಕಲ್ಲುಗುಡ್ಡದಲ್ಲಿ, ಕಲ್ಲಿನ ಕೋರೆ ಮಾಡಲು ಒಬ್ಬರು ಹೊರಟಿದ್ದಾರೆ. ಅಜ್ಜಿಯ ಕಾಲದಿಂದ ಬುಟ್ಟಿ ಹೆಣೆಯುವ ಬಳ್ಳಿ ತರುವುದು ಅಲ್ಲಿಂದಲೇ, ನಮ್ಮ ದೈವದ ಕಲ್ಲೂ ಅಲ್ಲೇ ಇದೆ. ಮೊನ್ನೆ ಒಂದು ಪೇಪರ್ ತಂದು, ರಸ್ತೆ ರಿಪೇರಿಗೆ ಅಂತ ಹೇಳಿ ದೊಡ್ಡಮ್ಮನ ಹೆಬ್ಬೆಟ್ಟು ಒತ್ತಿಸಿಕೊಂಡು ಹೋದರು. ಫೋಟೋ ತೆಗೆದಿಟ್ಟಿದ್ದೆ, ರಾತ್ರಿ ಓದಿದರೆ ಕೋರೆಗೆ ಆಕ್ಷೇಪಣೆ ಇಲ್ಲ ಅಂತ ಇದೆ. ಏನು ಮಾಡುವುದು?

ಕುಡ್ಲದ ವಕೀಲ:
ಬ್ಯಾನರ್, ಧರಣಿ ಎಲ್ಲ ಆಮೇಲೆ. ಮೊದಲು ಪಾದೆಯ ಪಹಣಿ ತೆಗೆಸಿ. ಅರಣ್ಯ ಅಂತ ಇದ್ದರೆ 2006ರ ಅರಣ್ಯ ಹಕ್ಕು ಕಾಯ್ದೆಯಲ್ಲಿ ಬಳ್ಳಿ ತರುವ ಹಕ್ಕನ್ನು ಸಮುದಾಯದ ಹಕ್ಕಾಗಿ ಕೇಳಬಹುದು. ಅರಣ್ಯವೇ ಅಲ್ಲ, ಬರೀ ಕಂದಾಯದ ಜಾಗ ಅಂತಾದರೆ ಆ ಕಾಯ್ದೆ ನಡೆಯುವುದಿಲ್ಲ. ನಿಮಗೆ ಮಂಜೂರಾದ ಜಮೀನು ಅದರೊಳಗೆ ಸೇರಿದ್ದರೆ ಪರಿಶಿಷ್ಟ ಜಾತಿ, ಪಂಗಡದವರಿಗೆ ಮಂಜೂರಾದ ಜಮೀನು ಕೈತಪ್ಪದಂತೆ ಮಾಡಿದ 1978ರ ಪಿಟಿಸಿಎಲ್ ಕಾಯ್ದೆ ಇದೆ, ಸರ್ಕಾರದ ಅನುಮತಿ ಇಲ್ಲದೆ ಮಾರುವುದಿರಲಿ, ಲೀಸಿಗೆ ಕೊಡುವ ಹಾಗೂ ಇಲ್ಲ. ಸುಳ್ಳು ಹೇಳಿ ಹೆಬ್ಬೆಟ್ಟು ಒತ್ತಿಸಿಕೊಂಡರು ಅಂತ ದೊಡ್ಡಮ್ಮನ ಹೆಸರಲ್ಲೇ ತಹಶೀಲ್ದಾರರಿಗೂ ಗಣಿ ಇಲಾಖೆಗೂ ಅರ್ಜಿ ಕೊಡಿ. ಸೀಲ್ ಹಾಕಿಸಿಕೊಳ್ಳದೆ ಬರಬೇಡಿ ಮಾರಾಯ್ರೆ.

ಮಳೆಗಾಲ:
ಒಡಿಶಾದ ನಿಯಮಗಿರಿ ನೋಡಿ. ಡೋಂಗ್ರಿಯಾ ಕೊಂಧರ ಬೆಟ್ಟದಲ್ಲಿ ಬಾಕ್ಸೈಟ್ ತೆಗೆಯಲು ಹೊರಟಿದ್ದರು. ದೇವರ ಬೆಟ್ಟದ ಪ್ರಶ್ನೆಯನ್ನು ಗ್ರಾಮಸಭೆ ಮುಂದೆ ಇಡಿ ಅಂತ 2013ರಲ್ಲಿ ಸುಪ್ರೀಂ ಕೋರ್ಟ್ ಹೇಳಿತು. 12 ಊರಲ್ಲಿ ಸಭೆ ಆಯ್ತು, 12ರಲ್ಲೂ ಬೇಡ ಅಂದರು!

ಕುಡ್ಲದ ವಕೀಲ:
ಹೌದು, ಆದರೆ ಅದು ಅರಣ್ಯ. ಅದಕ್ಕೇ ಪಹಣಿ ಪಹಣಿ ಅಂತ ಬಡಿದುಕೊಳ್ಳುತ್ತಿರುವುದು. ಅರಣ್ಯ ಹಕ್ಕು ಕಾಯ್ದೆಯ ಗ್ರಾಮಸಭೆಗೆ ಅರ್ಧದಷ್ಟು ಜನ ಬರಬೇಕು, ಬಂದವರಲ್ಲಿ ಮೂರನೇ ಒಂದು ಪಾಲು ಹೆಂಗಸರು ಇರಬೇಕು. ಇದು ತಪ್ಪಿದರೆ ಎದುರಿನವರು ಅದನ್ನೇ ಹಿಡಿದುಕೊಳ್ಳುತ್ತಾರೆ.

ಸುಮ್ನೆ ಒಬ್ಬ:
ಬೇಜಾರು ಮಾಡ್ಬೇಡಿ, ಕೋರೆ ಕೆಲಸಕ್ಕೆ ಹೋಗುವವರು ನಿಮ್ಮಲ್ಲೇ ಇಲ್ವಾ? ಅವರ ಸಂಬಳ ಯಾರು ಕೊಡ್ತಾರೆ?

ಪಾದೆಮನೆ:
ಇದ್ದಾರೆ, ನನ್ನ ತಮ್ಮನೇ ಹೋಗುತ್ತಾನೆ. ಕುಟುಂಬಕ್ಕೆ ಎರಡೂವರೆ ಎಕರೆ ಕೊಡಿ ಅಂತ ನಮ್ಮ ಕೊರಗರ ಬಗ್ಗೆ ಕೊಟ್ಟ ಮಹಮ್ಮದ್ ಪೀರ್ ವರದಿ 1994ರಲ್ಲೇ ಹೇಳಿತ್ತಲ್ಲ, ನಮ್ಮ ಮನೆಗೆ ಸಿಕ್ಕಿದ್ದು ಮೂವತ್ತು ಸೆಂಟ್ಸ್. ಆ ಎರಡೂವರೆ ಎಕರೆ ಸಿಕ್ಕಿದ್ದರೆ ತಮ್ಮ ಕಲ್ಲು ಕಡಿಯಲು ಹೋಗುತ್ತಲೇ ಇರಲಿಲ್ಲ. ನಿನ್ನೆ ಸಂಜೆ ಅವನೇ ಹಗ್ಗ ಇಳಿಸಿ ಬಾವಿಯ ನೀರು ಅಳೆದ, ಪಕ್ಕದ ಊರಲ್ಲಿ ಕೋರೆ ಆದ ಮೇಲೆ ಬಾವಿ ಬತ್ತಿದ್ದು ಅವನು ಕಣ್ಣಾರೆ ನೋಡಿದ್ದಾನೆ. ನಾಳೆ ದೊಡ್ಡಮ್ಮನನ್ನು ಕರೆದುಕೊಂಡು ತಾಲೂಕು ಆಫೀಸಿಗೆ ಹೋಗುತ್ತಿದ್ದೇವೆ. ಈ ಸಲ ನೀನು ಎರಡು ಸಲ ಓದಿ ಹೇಳಿದ ಮೇಲೇ ಹೆಬ್ಬೆಟ್ಟು ಅಂತ ಹೇಳಿದ್ದಾರೆ.